ಪಿಸ್ತೂಲಂಗಡಿಯ ತುಂಬಿದಕ್ಕ

ನಮ್ಮ ಕಟ್ಟಡದ ಕೆಳಗಿನ ಅಂತಸ್ತಿನಲ್ಲಿ ಮೂರು ಅಂಗಡಿಗಳಿವೆ. ಒಂದು ಕನ್ನಡಕದ್ದು, ಒಂದು ಬೀಗದ ಕೈ ಮಾಡುವವನದು, ಮೂಲೆಯದು ಬಂದೂಕಿನದು. ಮೂರರಲ್ಲಿ ಅತಿ ಕಡಿಮೆ ಸದ್ದು ಮಾಡುವುದು ಬಂದೂಕಿನ ಅಂಗಡಿ. ಬೀಗದ ಕೈಯವನ ಯಂತ್ರ ದಿನವಿಡೀ ಕಿರುಚುತ್ತದೆ, ಕನ್ನಡಕದವನು ಗಿರಾಕಿಗಳಿಂದ ಅಕ್ಷರ ಓದಿಸುತ್ತಲೇ ಇರುತ್ತಾನೆ. ಮೂಲೆಯ ಅಂಗಡಿಯಿಂದ ಹೊರಗೆ ಕೇಳುವುದು ಒಂದೇ ಮಾತು: "ತುಂಬಿದೆಯಾ?"

ಹಾಗೆ ಕೇಳುವವಳನ್ನು ಬೀದಿಯವರು ತುಂಬಿದಕ್ಕ ಎಂದು ಕರೆಯುತ್ತಾರೆ. ಹಿಂದಿನಿಂದಲ್ಲ, ಎದುರಿಗೇ. ಆಕೆಗೆ ಅದರಿಂದ ಬೇಸರವಿಲ್ಲ. ಕುಳ್ಳಗಿನ ಹೆಂಗಸು, ಎತ್ತರದ ಸ್ಟೂಲಿನ ಮೇಲೆ ಕುಳಿತರೆ ಕಾಲು ನೆಲಕ್ಕೆ ತಾಗುವುದಿಲ್ಲ. ಕನ್ನಡಕಕ್ಕೆ ದಾರ ಕಟ್ಟಿ ಕೊರಳಿಗೆ ಹಾಕಿಕೊಂಡಿರುತ್ತಾಳೆ. ಮುಂದೆ ಗಾಜಿನ ಉದ್ದ ಕೌಂಟರ್, ಅದರೊಳಗೆ ಹಸಿರು ಬಟ್ಟೆಯ ಮೇಲೆ ಗೋಡೆಯ ಕಡೆಗೆ ಮುಖ ಮಾಡಿ ಮಲಗಿದ ಪಿಸ್ತೂಲುಗಳು. ಹಿಂದಿನ ಗೋಡೆಗೆ ಉದ್ದ ಬಂದೂಕುಗಳು, ಎಲ್ಲಕ್ಕೂ ಸೇರಿಸಿ ಒಂದು ಸರಪಳಿ. ಕೌಂಟರಿನ ತುದಿಯಲ್ಲಿ ಮರಳು ತುಂಬಿದ ಮರದ ಪೆಟ್ಟಿಗೆ. ಯಾರೇ ಆಯುಧ ಬಿಚ್ಚಿದರೂ ಅದರ ನಳಿಗೆ ಆ ಮರಳಿನ ಕಡೆಗೆ ಇರಬೇಕು. ಉಳಿದ ಜಾಗದಲ್ಲೆಲ್ಲ ರಬ್ಬರ್ ಬೂಟು, ಟಾರ್ಚು, ನಾಯಿಯ ಪಟ್ಟಿ, ಮಳೆಯ ಕೋಟು. ಮಾರಾಟವಾಗುವುದು ಹೆಚ್ಚಾಗಿ ಇವೇ.

ಅಂಗಡಿ ಆಕೆಯ ಅಪ್ಪನದು. ಅಣ್ಣ ನೋಡಿಕೊಳ್ಳಬೇಕಿತ್ತು. ಅವನಿಗೆ ಪಟಾಕಿಯ ಸದ್ದಿಗೂ ಎದೆ ಡವಗುಟ್ಟುತ್ತಿತ್ತು, ಹೋಗಿ ಹೂವಿನ ವ್ಯಾಪಾರ ಹಿಡಿದ. ತಂಗಿ ಸ್ಟೂಲು ಹತ್ತಿದಳು. ಗಂಡ ಹೊಲಿಗೆ ಯಂತ್ರ ರಿಪೇರಿ ಮಾಡುತ್ತಿದ್ದವನು. ಸ್ಪ್ರಿಂಗು ಎಲ್ಲಿದ್ದರೂ ಸ್ಪ್ರಿಂಗೇ ಎಂದುಕೊಂಡು ಹಿಂದಿನ ಕೋಣೆಯಲ್ಲಿ ಬಂದೂಕು ರಿಪೇರಿಗೆ ಕುಳಿತ. ಈಗ ಅವನಿಗೆ ಒಂದು ಕಿವಿ ಮಂದ. ಯಾವ ಕಿವಿ ಎಂಬುದು ಹೆಂಡತಿ ಏನು ಹೇಳುತ್ತಿದ್ದಾಳೆ ಎನ್ನುವುದರ ಮೇಲೆ ನಿಂತಿದೆ.

ಆಕೆ ಇಷ್ಟು ಕಟ್ಟುನಿಟ್ಟಾಗಿರಬೇಕಾದರೆ ಹಿಂದೆ ಏನೋ ದುರಂತ ನಡೆದಿರಬೇಕು ಎಂದು ಬೀದಿಯವರು ಕಥೆ ಕಟ್ಟಿದ್ದರು. ಏನೂ ನಡೆದಿರಲಿಲ್ಲ. ಏನೂ ನಡೆಯದಿರಲಿ ಎಂದೇ ಆಕೆ ಅಲ್ಲಿ ಕುಳಿತಿದ್ದಳು.

ನಮ್ಮ ಊರಿನ ಕಾನೂನು ಸರಳವಾಗಿಯೇ ಇದೆ. ಹದಿನೆಂಟು ತುಂಬಿದವರು ಬೇಟೆಯ ಉದ್ದ ಬಂದೂಕು ಕೊಳ್ಳಬಹುದು. ಪಿಸ್ತೂಲು ಕೊಳ್ಳಲು ಇಪ್ಪತ್ತೊಂದು ತುಂಬಿರಬೇಕು. ಕೊಂಡದ್ದನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಬೀದಿಗೆ ಇಳಿಯಬೇಕಾದರೆ ಇಪ್ಪತ್ತೊಂದರ ಜೊತೆಗೆ ಬೇರೆ ಪರವಾನಗಿ ಬೇಕು. ಇಷ್ಟೇ. ತೊಡಕು ಇರುವುದು ಕಾನೂನಿನಲ್ಲಲ್ಲ, ನಮ್ಮ ನಾಲಿಗೆಯಲ್ಲಿ. ನಾವು ವಯಸ್ಸನ್ನು ಎರಡು ಬಗೆಯಲ್ಲಿ ಹೇಳುತ್ತೇವೆ. ಒಂದು ನಡೆಯುವ ವಯಸ್ಸು, ಇನ್ನೊಂದು ತುಂಬಿದ ವಯಸ್ಸು. ಮಗುವನ್ನು ಶಾಲೆಗೆ ಸೇರಿಸುವಾಗ ನಡೆಯುವುದನ್ನು ಹೇಳುತ್ತೇವೆ. ಬಸ್ಸಿನಲ್ಲಿ ಅರ್ಧ ಟಿಕೆಟು ಕೇಳುವಾಗ ತುಂಬಿದ್ದನ್ನು ಹೇಳುತ್ತೇವೆ, ಅದೂ ಸಾಲದಿದ್ದರೆ ಅದಕ್ಕಿಂತ ಒಂದು ಕಡಿಮೆ. ನಲವತ್ತು ದಾಟಿದ ಮೇಲೆ ನಡೆಯುವುದೂ ನಿಲ್ಲುತ್ತದೆ, ತುಂಬುವುದೂ ನಿಲ್ಲುತ್ತದೆ.

ತುಂಬಿದಕ್ಕನ ಬಳಿ ಈ ಆಟ ನಡೆಯುತ್ತಿರಲಿಲ್ಲ. ಪಿಸ್ತೂಲು ಕೇಳಿ ಬಂದವರ ಕೈಗೆ ಆಕೆ ಮೊದಲು ಒಂದು ಖಾಲಿ ಪಿಸ್ತೂಲು ಕೊಟ್ಟು "ತುಂಬಿದೆಯಾ?" ಎನ್ನುತ್ತಿದ್ದಳು. ಹೌದು ಎಂದರೂ ತಪ್ಪು, ಇಲ್ಲ ಎಂದರೂ ತಪ್ಪು. ಮರಳಿನ ಕಡೆಗೆ ತಿರುಗಿಸಿ, ಬಿಚ್ಚಿ, ಕಣ್ಣಿಂದ ನೋಡಿ ಹೇಳಬೇಕು. ಅದರಲ್ಲಿ ಗೆದ್ದವರ ಗುರುತಿನ ಚೀಟಿ ತೆಗೆದುಕೊಂಡು, ಅದನ್ನು ತಿರುಗಿಸಿಯೂ ನೋಡದೆ, ಮುಖ ನೋಡಿ ಎರಡನೇ ಸಲ ಅದೇ ಪ್ರಶ್ನೆ ಕೇಳುತ್ತಿದ್ದಳು: "ತುಂಬಿದೆಯಾ?" ಇದು ವಯಸ್ಸಿನದು. ಚೀಟಿ ಓದುವುದು ಆಮೇಲೆ. ಚೀಟಿಯನ್ನು ಯಾರು ಬೇಕಾದರೂ ತಿದ್ದಿಯಾರು, ಮುಖವನ್ನು ಅಷ್ಟು ಬೇಗ ತಿದ್ದಲಾಗುವುದಿಲ್ಲ ಎಂದು ಆಕೆಯ ನಂಬಿಕೆ. ಈ ಅಭ್ಯಾಸ ಎಷ್ಟು ಅಂಟಿಕೊಂಡಿತ್ತೆಂದರೆ, ಗ್ಯಾಸ್ ಸಿಲಿಂಡರ್ ತಂದವನನ್ನೂ ಹಾಗೇ ಕೇಳಿದ್ದಳು. ಅವನು ಗಾಬರಿಯಾಗಿ "ಮೂವತ್ತಾರು ತುಂಬಿದೆ ಅಕ್ಕಾ" ಎಂದನಂತೆ.

ಹೋದ ವರ್ಷ ಚಳಿ ಶುರುವಾಗುವ ಹೊತ್ತಿಗೆ ಹಿಂದಿನ ಬೀದಿಯ ಟೈಲರಮ್ಮನ ಮಗಳಿಗೆ ಒಂದು ಕೆಲಸ ಗೊತ್ತಾಯಿತು. ಬ್ಯಾಂಕುಗಳ ಹಣ ಸಾಗಿಸುವ ವ್ಯಾನಿನಲ್ಲಿ ಕಾವಲು. ತರಬೇತಿಯಲ್ಲಿ ಎಲ್ಲರಿಗಿಂತ ಮುಂದಿದ್ದ ಹುಡುಗಿ ಅವಳು. ಅದಕ್ಕೆ ಮೊದಲು ಅಮ್ಮ ಅವಳನ್ನು ಎರಡನೇ ಹೊಲಿಗೆ ಯಂತ್ರದ ಮುಂದೆ ಕೂರಿಸಿ ನೋಡಿದ್ದಳು. ಅವಳು ಹೊಲಿದ ಪ್ಯಾಂಟು ಹಾಕಿಕೊಂಡವರು ಕುಂಟುತ್ತಿದ್ದಾರೇನೋ ಎನ್ನಿಸುತ್ತಿತ್ತು. ಆದರೂ ಅಮ್ಮ ಪಟ್ಟು ಬಿಟ್ಟಿರಲಿಲ್ಲ. ಈ ಕೆಲಸ ಸಿಕ್ಕಿದರೆ ಸರಿ, ಕೈತಪ್ಪಿದರೆ ಮತ್ತೆ ಯಂತ್ರದ ಮುಂದೆ ಕೂರಬೇಕು, ಅದರ ಮೇಲೆ ಮಾತಿಲ್ಲ ಎಂದು ತೀರ್ಮಾನವಾಗಿತ್ತು. ಹುಡುಗಿ ತಾನಾಗಿ ಬಯಸಿದ ಮೊದಲ ಕೆಲಸ ಅದು. ಹೊಲಿಗೆ ಯಂತ್ರದ ಸದ್ದು ಕೇಳಿದರೇ ಅವಳ ಮುಖ ಸಣ್ಣದಾಗುತ್ತಿತ್ತು.

ಕಂಪನಿಯ ಪದ್ಧತಿಯಲ್ಲಿ ಕಾವಲಿನವರ ಪಿಸ್ತೂಲು ಅವರವರ ಹೆಸರಿನಲ್ಲೇ ಇರಬೇಕು. ಡಿಪೋ ಮ್ಯಾನೇಜರ್ ಹೊಸಬರನ್ನು ತಾನೇ ಅಂಗಡಿಗೆ ಕರೆತಂದು ಕೊಡಿಸುತ್ತಿದ್ದ. ವಯಸ್ಸೆಷ್ಟು ಎಂದು ಅವನು ಕೇಳಿದಾಗ ಹುಡುಗಿ ಇಪ್ಪತ್ತೊಂದು ಎಂದಿದ್ದಳು. ಮನೆಯಲ್ಲಿ ಎಲ್ಲರೂ ಹೇಳುತ್ತಿದ್ದುದೂ ಅದೇ. ನಡೆಯುತ್ತಿದ್ದದ್ದು ಇಪ್ಪತ್ತೊಂದು. ತುಂಬಲು ಇನ್ನೂ ಬೇಸಿಗೆ ಬರಬೇಕಿತ್ತು. ಮ್ಯಾನೇಜರ್ ಮುಂದೆ ಕೇಳಲಿಲ್ಲ. ಕೇಳುವ ಕೆಲಸವನ್ನು ಅವನು ತುಂಬಿದಕ್ಕನಿಗೆ ಬಿಟ್ಟಿದ್ದ.

ಟೈಲರಮ್ಮನಿಗೆ ತುಂಬಿದಕ್ಕನ ಪ್ರಶ್ನೆ ಗೊತ್ತಿತ್ತು. ಆದರೆ ಒಂದೇ ಪ್ರಶ್ನೆ ಎಂದು ತಿಳಿದಿದ್ದಳು. ಬೀದಿಯಲ್ಲಿ ನಿಂತು ಕೇಳಿದವರಿಗೆ ಅದು ಒಂದೇ. ಹಿಂದಿನ ದಿನ ಮಗಳಿಗೆ ಪಾಠ ಹೇಳಿದಳು.

"ಆಯಮ್ಮ ತುಂಬಿದೆಯಾ ಅಂತ ಕೇಳ್ತಾಳೆ. ತುಂಬಿದೆ ಅನ್ನು. ತಡವರಿಸಬೇಡ, ಗಟ್ಟಿಯಾಗಿ ಹೇಳು."

"ತುಂಬಿಲ್ವಲ್ಲಮ್ಮಾ."

"ನಡೀತಾ ಇದೆ ತಾನೇ? ನಡೀತಾ ನಡೀತಾನೇ ತುಂಬೋದು. ಯೂನಿಫಾರ್ಮ್ ಹೊಲಿದಾಗಿದೆ, ಬೀದಿಗೆಲ್ಲ ಹೇಳಿಯಾಗಿದೆ. ಸುಮ್ನೆ ಹೇಳಿದ್ದಷ್ಟು ಮಾಡು."

ಮರುದಿನ ಬೆಳಿಗ್ಗೆ ನಾನು ಪತ್ರಿಕೆಗೆಂದು ಕೆಳಗಿಳಿದಿದ್ದೆ. ಪತ್ರಿಕೆಯವನು ಮೆಟ್ಟಿಲು ಹತ್ತುವ ಸೋಮಾರಿತನಕ್ಕೆ ನನ್ನದನ್ನೂ ಅಂಗಡಿಯಲ್ಲೇ ಎಸೆದು ಹೋಗುತ್ತಾನೆ. ಒಳಗೆ ಬೂಟು ಕೊಳ್ಳಲು ಬಂದ ದಪ್ಪಗಿನ ಮನುಷ್ಯನೊಬ್ಬ ಒಂದು ಕಾಲಿಗೆ ಬೂಟು ಏರಿಸಿ ಇನ್ನೊಂದನ್ನು ಕೈಯಲ್ಲಿ ಹಿಡಿದು ಕುಳಿತಿದ್ದ. ಹಿಂದಿನ ಕೋಣೆಯಲ್ಲಿ ರಿಪೇರಿಯ ಗಂಡ. ಮ್ಯಾನೇಜರ್ ಹುಡುಗಿಯನ್ನು ಕರೆದುಕೊಂಡು ಬಂದ. ಟೈಲರಮ್ಮ ಹೊರಗೆ ಬೆಂಚಿನ ಮೇಲೆ ಕುಳಿತು ಬಾಗಿಲ ಕಡೆಗೇ ಕಿವಿ ಕೊಟ್ಟಿದ್ದಳು.

ತುಂಬಿದಕ್ಕ ಹುಡುಗಿಯನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಪಿಸ್ತೂಲೊಂದನ್ನು ಎತ್ತಿ ಅವಳ ಕೈಗಿಟ್ಟಳು.

"ತುಂಬಿದೆಯಾ?"

"ತುಂಬಿದೆ ಆಂಟಿ!" ಎಂದಳು ಹುಡುಗಿ, ಹೇಳಿಕೊಟ್ಟಿದ್ದಷ್ಟೇ ಗಟ್ಟಿಯಾಗಿ.

ಮುಂದೆ ನಡೆದದ್ದು ಹೇಳಲು ಹಿಡಿಯುವಷ್ಟು ಹೊತ್ತೂ ಹಿಡಿಯಲಿಲ್ಲ. ಮ್ಯಾನೇಜರ್ ನೆಲಕ್ಕೆ ಬಿದ್ದ. ಬೂಟಿನ ಮನುಷ್ಯ ಅವನ ಮೇಲೆ ಬಿದ್ದ. ಹಿಂದಿನ ಕೋಣೆಯಲ್ಲಿ ತಗಡಿನ ಡಬ್ಬಿಯೊಂದು ಉರುಳಿ ಸ್ಕ್ರೂಗಳು ಚೆಲ್ಲಾಡಿದವು. ಮಂದ ಕಿವಿಯ ಗಂಡನಿಗೆ ಆ ಮಾತು ಮಾತ್ರ ಸ್ಪಷ್ಟವಾಗಿ ಕೇಳಿಸಿತ್ತು. ತುಂಬಿದಕ್ಕ, ಖಾಲಿ ಪಿಸ್ತೂಲು ಕೊಟ್ಟವಳು ತಾನೇ ಎಂಬುದನ್ನೂ ಮರೆತು, ಸ್ಟೂಲಿನಿಂದ ಜಾರಿ ಕೌಂಟರಿನ ಹಿಂದೆ ಮಾಯವಾದಳು. ನಾನು ಮಲಗಲಿಲ್ಲ. ಅದಕ್ಕೆ ಕಾರಣ ಧೈರ್ಯವಲ್ಲ, ಮಡಚಲು ಬಾರದ ನನ್ನ ಮೊಣಕಾಲು.

ಹಾಗಾಗಿ ಹುಡುಗಿ ಏನು ಮಾಡಿದಳೆಂದು ನೋಡಿದವಳು ನಾನೊಬ್ಬಳೇ. ಎಲ್ಲರೂ ಬಿದ್ದದ್ದು ಕಂಡು ಅವಳ ಮುಖ ಬಿಳಿಚಿಕೊಂಡಿತು. ಆದರೂ ಬೆರಳನ್ನು ಟ್ರಿಗರಿನಿಂದ ದೂರ ಇಟ್ಟುಕೊಂಡೇ ಪೆಟ್ಟಿಗೆಯ ಬಳಿಗೆ ಹೋದಳು. ನಳಿಗೆಯನ್ನು ಮರಳಿಗೆ ಹಿಡಿದು ಮ್ಯಾಗಜೀನ್ ಕಳಚಿದಳು. ಮೇಲಿನ ಭಾಗವನ್ನು ಹಿಂದಕ್ಕೆ ಎಳೆದು ಒಳಗೆ ಇಣುಕಿದಳು, ಸಾಲದೆಂದು ಕಿರುಬೆರಳು ಹಾಕಿಯೂ ನೋಡಿದಳು. ಆಮೇಲೆ ಎಲ್ಲವನ್ನೂ ಬಿಡಿಬಿಡಿಯಾಗಿ ಕೌಂಟರಿನ ಮೇಲಿಟ್ಟಳು.

"ಖಾಲಿ ಇದೆ. ಎಲ್ರೂ ಏಳಿ."

ಯಾರೂ ಏಳಲಿಲ್ಲ. ಕೌಂಟರಿನ ಹಿಂದಿನಿಂದ ತುಂಬಿದಕ್ಕನ ದನಿ ಬಂತು.

"ಖಾಲಿ ಇದ್ರೆ ತುಂಬಿದೆ ಅಂದಿದ್ದು ಯಾವುದನ್ನ?"

"ವಯಸ್ಸನ್ನ, ಆಂಟಿ."

ಕನ್ನಡಕ ಮೊದಲು, ಆಮೇಲೆ ತಲೆ ಕೌಂಟರಿನ ಮೇಲೆ ಕಾಣಿಸಿಕೊಂಡವು. "ಅದಾದ್ರೂ ತುಂಬಿದೆಯಾ?"

ಹುಡುಗಿ ಬಾಗಿಲ ಕಡೆ ನೋಡಿದಳು. ಅಮ್ಮನ ಕಣ್ಣು ಕಂಡಿತು. ತಲೆ ತಗ್ಗಿಸಿದಳು.

"ಅದೂ ಇಲ್ಲ."

ಬೂಟಿನ ಮನುಷ್ಯ ಮೊದಲು ನಕ್ಕ. ನಗುವಿಗೆ ಅವನ ಹೊಟ್ಟೆ ಕುಲುಕಿ ಕೆಳಗಿದ್ದ ಮ್ಯಾನೇಜರಿಗೆ ಉಸಿರು ಕಟ್ಟಿತು. ಅವನನ್ನು ಎಬ್ಬಿಸಿ ಇವನನ್ನು ಬಿಡಿಸುವ ಹೊತ್ತಿಗೆ ರಿಪೇರಿಯ ಗಂಡ ಬಂದು "ಯಾರಿಗೆ ಗುಂಡು ಬಿತ್ತು?" ಎಂದು ಕೇಳಿದ.

"ಯಾರಿಗೂ ಬಿದ್ದಿಲ್ಲ ಕಣ್ರೀ, ಹೋಗಿ ಸ್ಕ್ರೂ ಆರಿಸ್ಕೊಳ್ಳಿ" ಎಂದಳು ಹೆಂಡತಿ.

ಮ್ಯಾನೇಜರ್ ನಗುವ ಸ್ಥಿತಿಯಲ್ಲಿರಲಿಲ್ಲ. ಪ್ಯಾಂಟಿನ ಧೂಳು ಕೊಡವುತ್ತ ಹುಡುಗಿಗೆ ಹೇಳಿದ: "ನಾಳೆಯಿಂದ ಬರೋದು ಬೇಡಮ್ಮ. ವಯಸ್ಸಲ್ಲಿ ಸುಳ್ಳು ಹೇಳಿದವಳು ಹಣದ ವಿಷಯದಲ್ಲಿ ಏನು ಹೇಳ್ತೀಯೋ." ಹುಡುಗಿಯ ಕಣ್ಣ ಮುಂದೆ ಎರಡನೇ ಹೊಲಿಗೆ ಯಂತ್ರ ಬಂದು ನಿಂತಿತ್ತು, ಅದು ನಮಗೂ ಕಾಣುತ್ತಿತ್ತು.

ಮಾತಾಡಿದ್ದು ಟೈಲರಮ್ಮ. ಬೆಂಚು ಬಿಟ್ಟು ಒಳಗೆ ನುಗ್ಗಿದಳು.

"ಏನಕ್ಕಾ ಇದು? ಹದಿನೆಂಟಾದವರಿಗೆ ಇಷ್ಟುದ್ದದ ಬಂದೂಕು ಕೊಡ್ತೀರಿ. ನನ್ನ ಮಗಳಿಗೆ ಅಂಗೈಯಗಲದ್ದು ಕೊಡಲ್ವಾ? ದೊಡ್ಡದು ಕೊಟ್ಟ ಮೇಲೆ ಚಿಕ್ಕದಕ್ಕೇನು ಬಂತು?"

"ಉದ್ದದ್ದು ಜೇಬಲ್ಲಿ ಹಿಡಿಸಲ್ಲ ಕಣೇ. ಬೀದೀಲಿ ಹಿಡ್ಕೊಂಡು ಬಂದ್ರೆ ಆ ತುದಿಯವರೂ ನೋಡ್ತಾರೆ, ಓಡಿಹೋಗೋಕೆ ಪುರುಸೊತ್ತು ಇರುತ್ತೆ. ಇದು ಜೇಬಲ್ಲಿದ್ರೆ ಪಕ್ಕದಲ್ಲಿ ಕೂತವನಿಗೂ ಗೊತ್ತಾಗಲ್ಲ."

"ನನ್ನ ಮಗಳು ಒಳ್ಳೇ ಹುಡುಗಿ."

"ನಾನು ಕೆಟ್ಟವಳು ಅಂದ್ನಾ? ಒಳ್ಳೇವರಿಗೂ ಇಪ್ಪತ್ತೊಂದೇ. ಒಳ್ಳೇವರಿಗೆ ಇಪ್ಪತ್ತು, ಕೆಟ್ಟವರಿಗೆ ಇಪ್ಪತ್ತೆರಡು ಅಂತ ಇಟ್ಟಿದ್ರೆ ನನಗೇ ತಲೆ ಕೆಡ್ತಿತ್ತು."

"ಇನ್ನು ನಾಲ್ಕು ತಿಂಗಳು ಅಕ್ಕಾ! ನಾಲ್ಕು ತಿಂಗಳಲ್ಲಿ ಇವಳೇನು ಬೇರೆಯವಳಾಗಿಬಿಡ್ತಾಳಾ?"

ಈ ಪ್ರಶ್ನೆ ಬಹಳ ಜನ ಕೇಳಿದ್ದಾರೆ, ಕಾನೂನು ಓದಿದವರೂ ಕೇಳಿದ್ದಾರೆ. ಉತ್ತರ ಎಲ್ಲೂ ತೃಪ್ತಿಕರವಾಗಿಲ್ಲ. ತುಂಬಿದಕ್ಕ ಉತ್ತರ ಹುಡುಕಲು ಹೋಗಲೂ ಇಲ್ಲ.

"ಆಗಲ್ಲ. ಆದ್ರೆ ಗೆರೆ ಅಂತ ಒಂದು ಎಲ್ಲಾದ್ರೂ ಎಳೀಬೇಕಲ್ಲ. ನೀನು ಬಟ್ಟೆ ಕತ್ತರಿಸುವಾಗ ಸೀಮೆಸುಣ್ಣದ ಗೆರೆ ಬಿಟ್ಟು ಕತ್ತರಿಸ್ತೀಯಾ?"

ಟೈಲರಮ್ಮ ಮಗಳ ಕಡೆ ನೋಡಿದಳು. ಮಗಳು ಕತ್ತರಿಸಿದ ಪ್ಯಾಂಟುಗಳು ನೆನಪಾಗಿರಬೇಕು.

ಆಗ ತುಂಬಿದಕ್ಕ ಮ್ಯಾನೇಜರ್ ಕಡೆ ತಿರುಗಿದಳು. ಅವನು ಬಾಗಿಲು ದಾಟುವುದರಲ್ಲಿದ್ದ.

"ನೀವು ನೆಲದ ಮೇಲಿದ್ದಾಗ ಈ ಹುಡುಗಿ ಏನು ಮಾಡಿದ್ಲು ನೋಡಿದ್ರಾ?"

"ನಾನು ಕಣ್ಣು ಮುಚ್ಚಿಕೊಂಡಿದ್ದೆ ಮೇಡಂ."

"ನನಗೂ ಕೌಂಟರ್ ಅಡ್ಡ ಇತ್ತು. ಮೇಲಿನ ಮನೆಯವರು ನಿಂತೇ ಇದ್ರಲ್ಲ, ಅವರನ್ನ ಕೇಳೋಣ."

ನಾನು ನೋಡಿದ್ದನ್ನು ಹೇಳಿದೆ. ಹೆಚ್ಚು ಹೇಳಲಿಲ್ಲ, ಕಡಿಮೆಯೂ ಹೇಳಲಿಲ್ಲ. ಕಿರುಬೆರಳಿನ ವಿಷಯ ಬಂದಾಗ ತುಂಬಿದಕ್ಕ ಕನ್ನಡಕ ಏರಿಸಿ ಹುಡುಗಿಯನ್ನು ಇನ್ನೊಮ್ಮೆ ನೋಡಿದಳು.

"ಬೆರಳು ಯಾಕೆ ಹಾಕಿದೆ?"

"ಕಣ್ಣು ಭಯದಲ್ಲಿ ಇಲ್ಲದ್ದನ್ನೂ ನೋಡುತ್ತೆ ಆಂಟಿ, ಇರೋದನ್ನೂ ಬಿಡುತ್ತೆ. ಬೆರಳಿಗೆ ಗೊತ್ತಾಗುತ್ತೆ."

"ಯಾರು ಹೇಳಿಕೊಟ್ಟಿದ್ದು?"

"ಯಾರೂ ಇಲ್ಲ. ಹೊಲಿಗೆ ಯಂತ್ರದಲ್ಲಿ ಸೂಜಿ ಮುರಿದ್ರೆ ತುಂಡು ಎಲ್ಲಿದೆ ಅಂತ ಹಾಗೇ ಹುಡುಕ್ತಿದ್ದೆ. ದಿನಾ ಮುರೀತಿತ್ತು."

"ದಿನಾ!" ಎಂದು ಟೈಲರಮ್ಮ ನಿಟ್ಟುಸಿರು ಬಿಟ್ಟಳು.

ತುಂಬಿದಕ್ಕ ಮ್ಯಾನೇಜರಿಗೆ ಹೇಳಿದಳು: "ಹೋದ ತಿಂಗಳು ನಿಮ್ಮ ಡಿಪೋದಿಂದ ರಿಪೇರಿಗೆ ಬಂದ ಪಿಸ್ತೂಲಲ್ಲಿ ಒಂದು ಗುಂಡು ಇತ್ತು. ಅವತ್ತೇ ನಿಮಗೆ ಫೋನ್ ಮಾಡಿ ಬೈದಿದ್ದೆ, ನೆನಪಿದೆಯಾ? ಆಯುಧದ ಕೋಣೇಲಿ ಕೂರೋ ಆ ತಾತ ಖಾಲಿ ಅಂತ ಕೊಟ್ಟು ಕಳಿಸಿದ್ರು."

"ಅವರಿಗೆ ಕಣ್ಣು ಮಂಜು ಮೇಡಂ. ಕೆಲಸದಿಂದ ಬಿಡಿಸ್ತಾ ಇದ್ದೀವಿ. ಬೇರೆಯವರು ಸಿಗ್ತಾ ಇಲ್ಲ. ಎಲ್ರಿಗೂ ವ್ಯಾನೇ ಬೇಕು, ಸೊಂಟಕ್ಕೆ ಕಟ್ಟಿಕೊಂಡು ತಿರುಗಬೇಕು. ಕೋಣೇಲಿ ಕೂತು ತೆಗೆದಿಡೋಕೆ ಯಾರೂ ಒಪ್ಪಲ್ಲ."

"ಇವಳು ಕೊಳ್ಳೋ ಹಾಗಿಲ್ಲ. ಕಟ್ಟಿಕೊಂಡು ಬೀದಿಗಿಳಿಯೋ ಹಾಗಿಲ್ಲ. ಪರವಾನಗಿ ಇರೋ ಕೋಣೆಯೊಳಗೆ, ಹಿರಿಯರ ಕಣ್ಣ ಮುಂದೆ ಬಿಚ್ಚೋದು, ಒರೆಸೋದು, ತೆಗೆದಿಡೋದು ಹದಿನೆಂಟು ತುಂಬಿದವರು ಮಾಡಬಹುದು. ಹೊಸ್ತಿಲು ಮಾತ್ರ ದಾಟಿಸಬಾರದು. ಬೇಕಿದ್ರೆ ನಿಮ್ಮ ವಕೀಲರನ್ನ ಕೇಳಿ."

"ಸುಳ್ಳು ಹೇಳಿದ್ಲಲ್ಲ ಮೇಡಂ?"

"ಹೇಳಿದ್ಲು. ಅದನ್ನ ನೀವು ಅವಳನ್ನೇ ಕೇಳಿ. ನಾನು ವಕಾಲತ್ತು ಮಾಡಲ್ಲ."

ಮ್ಯಾನೇಜರ್ ಹುಡುಗಿಯ ಮುಂದೆ ನಿಂತ. "ನಿನಗೆಷ್ಟು?"

"ಇಪ್ಪತ್ತು ತುಂಬಿದೆ ಸರ್. ಇಪ್ಪತ್ತೊಂದು ಅಂತ ಹೇಳಿದ್ದು ನನ್ನ ತಪ್ಪು. ಅಮ್ಮನದಲ್ಲ." ಟೈಲರಮ್ಮ ಏನೋ ಹೇಳಲು ಹೋದಳು. ಹುಡುಗಿ ಕೈ ಅಡ್ಡ ಹಿಡಿದಳು. "ಒಂದು ವಾರ ಆ ಕೋಣೆ ಕೊಡಿ. ಸರಿ ಇಲ್ಲ ಅನ್ಸಿದ್ರೆ ನೀವು ಕಳಿಸೋದು ಬೇಡ, ನಾನೇ ಹೋಗಿ ಹೊಲೀತೀನಿ."

ಅವಳ ಮಟ್ಟಿಗೆ ಅದಕ್ಕಿಂತ ದೊಡ್ಡ ಆಣೆ ಇರಲಿಲ್ಲ. ಮ್ಯಾನೇಜರಿಗೆ ಅದು ತಿಳಿಯದಿದ್ದರೂ ದನಿ ತಿಳಿಯಿತು. ಒಂದು ವಾರ ಎಂದು ಒಪ್ಪಿದ. ಟೈಲರಮ್ಮನಿಗೆ ಸಮಾಧಾನವಾಗಲಿಲ್ಲ. "ಕೋಣೇಲಿ ಕೂತ್ರೆ ಯೂನಿಫಾರ್ಮ್ ಯಾರಿಗೆ ಕಾಣುತ್ತೆ?" ಎಂದು ಗೊಣಗುತ್ತ ಹೋದಳು. ಬೂಟಿನ ಮನುಷ್ಯ ಬೂಟು ಕೊಳ್ಳಲೇ ಇಲ್ಲ. ನಕ್ಕು ನಕ್ಕು ಕಾಲು ಊದಿ ಬಿಗಿಯಾಗುತ್ತಿದೆ ಎಂದ.

ಡಿಪೋದ ಸುದ್ದಿ ನಮಗೆ ಆ ವಾರದಲ್ಲೇ ಬಂತು, ತಂದವನು ಸ್ವತಃ ಮ್ಯಾನೇಜರ್. ಮೊದಲ ಸಂಜೆ ವ್ಯಾನುಗಳು ಬಂದು ನಿಂತಾಗ ಕಾವಲಿನವರು ಎಂದಿನಂತೆ ಪಿಸ್ತೂಲನ್ನು ಆಯುಧದ ಕೋಣೆಯ ಕಿಟಕಿಯೊಳಗೆ ತಳ್ಳಿ ಮನೆಗೆ ಹೊರಟರು. ಹುಡುಗಿ ತೆಗೆದುಕೊಳ್ಳಲಿಲ್ಲ.

"ಖಾಲಿ ಕಣಮ್ಮ, ತಗೋ. ಬಸ್ಸು ಹೋಗುತ್ತೆ" ಎಂದ ಮೀಸೆಯ ಹಿರಿಯ.

"ಬಿಚ್ಚಿ ತೋರಿಸಿ ಮಾವ."

"ನಿನ್ನ ವಯಸ್ಸಿನಷ್ಟು ವರ್ಷದಿಂದ ಈ ಕೆಲಸ ಮಾಡ್ತಿದ್ದೀನಿ."

"ನನ್ನ ವಯಸ್ಸಿನ ಮಾತು ಬೇಡ ಮಾವ, ಅದರಿಂದಾನೇ ಇಲ್ಲಿ ಬಂದು ಕೂತಿರೋದು. ಬಿಚ್ಚಿ."

ಸಾಲು ಅಂಗಳದವರೆಗೆ ಬೆಳೆಯಿತು. ಬೈಗುಳವೂ ಬೆಳೆಯಿತು. ಮ್ಯಾನೇಜರ್ ಸಾಲು ಮುರಿದು ತನ್ನ ಪಿಸ್ತೂಲನ್ನು ಮೊದಲು ಕೊಡಲು ಹೋದ. ಅವನಿಗೂ ಬಿಚ್ಚಿ ತೋರಿಸಬೇಕಾಯಿತು. ತೋರಿಸಿದ. ಒಂದು ಗುಂಡು ಹೊರಬಿತ್ತು. ಸಾಲಿನಲ್ಲಿ ನಿಂತವರೆಲ್ಲ ಒಮ್ಮೆಲೇ ನಕ್ಕರು. ಈ ಭಾಗವನ್ನು ಮ್ಯಾನೇಜರ್ ತಾನೇ ಹೇಳಿದ್ದರಿಂದ ಅವನ ಬಗ್ಗೆ ನನ್ನ ಅಭಿಪ್ರಾಯ ಸ್ವಲ್ಪ ಸುಧಾರಿಸಿತು. ವಾರ ಮುಗಿಯುವ ಮೊದಲೇ ಹುಡುಗಿಯ ಕೆಲಸ ಖಾಯಂ ಆಯಿತು.

"ಅಲ್ಲಿಗೆ ಒಂದು ಪಿಸ್ತೂಲಿನ ವ್ಯಾಪಾರ ಹೋಯ್ತು" ಎಂದ ರಿಪೇರಿಯ ಗಂಡ, ಹೆಂಡತಿಗೆ ಕೇಳಿಸುವ ಹಾಗೆ.

"ಹೋಗ್ಲಿ ಬಿಡಿ. ಬೇಸಿಗೇಲಿ ಬಂದೇ ಬರ್ತಾಳೆ."

ಬೇಸಿಗೆ ಬಂತು. ಬಂದವಳು ಹುಡುಗಿಯಲ್ಲ, ಅವಳ ಅಮ್ಮ. ಕೌಂಟರಿನ ಮುಂದೆ ನಿಂತು, "ಅಕ್ಕಾ, ಈಗ ಸರಿಯಾಗಿ ತುಂಬಿದೆ. ಮ್ಯಾನೇಜರು ವ್ಯಾನಿಗೆ ಬಾ ಅಂತಾನೂ ಕರೆದಿದ್ದಾರೆ. ಇವಳು ಒಲ್ಲೆ ಅಂತಾಳೆ. ನೀವಾದ್ರೂ ಬುದ್ಧಿ ಹೇಳಿ" ಎಂದಳು.

"ಯಾಕಂತೆ?"

"ವ್ಯಾನಿಗೆ ಹೋದ್ರೆ ಸಂಜೆ ಬಂದು ಇನ್ನೊಬ್ಬರ ಮುಂದೆ ಬಿಚ್ಚಿಡಬೇಕಂತೆ. ಈಗ ಇಡೀ ಡಿಪೋ ಬಂದು ಇವಳ ಮುಂದೆ ಬಿಚ್ಚಿಡುತ್ತಂತೆ. ಯಾವುದು ಮೇಲು ನೀನೇ ಹೇಳಮ್ಮಾ ಅಂತಾಳೆ."

ತುಂಬಿದಕ್ಕ ಅಪರೂಪಕ್ಕೆ ನಗುತ್ತಾಳೆ. ಆಗ ನಕ್ಕಳು. ಟೈಲರಮ್ಮ ಮೊದಲು ಮುಖ ಗಂಟಿಕ್ಕಿಕೊಂಡಳು, ಆಮೇಲೆ ಅವಳ ಬಾಯಂಚೂ ಸಡಿಲವಾಯಿತು. ಮಗಳು ಬೀದಿಯಲ್ಲಿ ಪಿಸ್ತೂಲು ಕಟ್ಟಿಕೊಂಡು ನಡೆಯುವುದನ್ನು ನೋಡಬೇಕೆಂದಿದ್ದವಳು ಹೊಸ ಮಾತೊಂದನ್ನು ಆಗಲೇ ಬಾಯಲ್ಲಿಟ್ಟು ರುಚಿ ನೋಡುತ್ತಿದ್ದಳು.

"ಒಂದು ಲೆಕ್ಕದಲ್ಲಿ ನೋಡಿದ್ರೆ ಅಕ್ಕಾ, ಅಷ್ಟು ಜನ ಗಂಡಸರ ಪಿಸ್ತೂಲು ದಿನಾ ಸಂಜೆ ನನ್ನ ಮಗಳು ಕಿತ್ತಿಟ್ಟುಕೊಂಡೇ ಮನೆಗೆ ಕಳಿಸ್ತಾಳೆ, ಅಲ್ವಾ?"

"ಹೌದು."

"ಹಾಗೇ ಹೇಳ್ತೀನಿ" ಎಂದು ಟೈಲರಮ್ಮ ಹೊರಗೆ ಹೋದಳು. ಬೀಗದ ಕೈಯವನ ಯಂತ್ರದ ಕಿರುಚಾಟದ ಮೇಲೆ ಅವಳ ದನಿ ಏರಿತು. ಅವನು ಯಂತ್ರ ನಿಲ್ಲಿಸಿ, "ಏನಂದ್ರಿ? ಇನ್ನೊಂದು ಸಲ ಹೇಳಿ" ಎಂದದ್ದು ನಮಗೆಲ್ಲ ಕೇಳಿಸಿತು.